ಎರಡಾಳಿನ ಕೋಟು

ನವೆಂಬರ್ 4

ಬೆಟ್ಟದ ಯಾತ್ರೆ ನಡೆಸುವ ಕಂಪನಿಯವರು ಇಂದು ಮಾರ್ಗದರ್ಶಿಗಳನ್ನೆಲ್ಲ ಟಿಕೆಟ್ ಕೌಂಟರಿನ ಹಿಂದಿನ ಕೋಣೆಗೆ ಕರೆದು, ಕುರ್ಚಿ ಹಾಕಿ, ಬಿಸಿ ಚಹಾ ಕೊಟ್ಟರು. ಯಾರದೋ ಅನ್ನಕ್ಕೆ ಕಲ್ಲು ಬಿತ್ತು ಎಂದು ಆಗಲೇ ಅಂದುಕೊಂಡೆ. ಹಾಗೆಯೇ ಆಯಿತು. ಇನ್ನು ಮುಂದೆ ಬೆಟ್ಟಕ್ಕೆ ಬರುವ ಯಾತ್ರಿಕರ ಕೊರಳಿಗೆ ಒಂದು ಡಬ್ಬಿ, ಕಿವಿಗೆ ಒಂದು ತಂತಿ. ಕಲ್ಲಿನ ಮುಂದೆ ನಿಂತು ಗುಂಡಿ ಒತ್ತಿದರೆ ಡಬ್ಬಿಯೇ ಪುಣ್ಯಕಥೆ ಹೇಳುತ್ತದೆ. ಅದಕ್ಕೆ ರಜೆ ಬೇಡ, ಊಟ ಬೇಡ, ಮಂಡಿ ನೋವು ಬರುವುದಿಲ್ಲ. ಇಪ್ಪತ್ತೈದು ವರ್ಷ ಜನರನ್ನು ಈ ಬೆಟ್ಟಕ್ಕೆ ಹತ್ತಿಸಿ ಇಳಿಸಿದ ನನಗೆ ರಜೆ, ಊಟ ಎರಡೂ ಬೇಕು, ಮಂಡಿ ನೋವೂ ಇದೆ.

ಎಲ್ಲರೂ ಎದ್ದು ಹೋಗುವಾಗ ಮ್ಯಾನೇಜರ್ ಮೇಡಂ ನನ್ನೊಬ್ಬನನ್ನು ನಿಲ್ಲಿಸಿಕೊಂಡರು. ಮೇಜಿನ ಮೇಲೆ ಆ ಪುಸ್ತಕವಿತ್ತು.

ಆ ಪುಸ್ತಕದ ಬಗ್ಗೆ ಇಲ್ಲಿ ಒಮ್ಮೆ ಬರೆದುಬಿಡುತ್ತೇನೆ, ಮತ್ತೆ ಬರೆಯುವ ಮನಸ್ಸಿಲ್ಲ. ಎಂಬತ್ತು ವರ್ಷದ ಹಿಂದೆ ಒಬ್ಬ ಮಹಾಶಯ ಯಾತ್ರಿಕರ ದೊಡ್ಡ ತಂಡದೊಡನೆ ಪುಣ್ಯಭೂಮಿಗಳನ್ನು ನೋಡಲು ಹೊರಟ. ಹೋದಲ್ಲೆಲ್ಲ ನಕ್ಕ. ಜೊತೆಯಲ್ಲಿದ್ದ ಭಕ್ತರನ್ನು ನೋಡಿ ನಕ್ಕ, ಹೇಸರಗತ್ತೆಗಳನ್ನು, ಛತ್ರದ ತಿಗಣೆಗಳನ್ನು, ಕಲ್ಲುಗಳನ್ನು ನೋಡಿ ನಕ್ಕ. ಊರಿಗೆ ಹೋಗಿ ಅದನ್ನೆಲ್ಲ ಬರೆದ. ಈಗ ಜಗತ್ತೆಲ್ಲ ಅದನ್ನು ಓದಿ ನಗುತ್ತದೆ. ನಮ್ಮ ಊರಿನ ಅಧ್ಯಾಯದಲ್ಲಿರುವುದು ನನ್ನ ತಾತ. ಅವನನ್ನು ಆ ಮಹಾಶಯ ‘ಅಳುಬುರುಕ’ ಎಂದು ಕರೆದಿದ್ದಾನೆ, ಏಕೆಂದರೆ ತಾತ ಬೆಟ್ಟದ ಮೂರು ಕಲ್ಲುಗಳ ಮುಂದೆಯೂ ಅತ್ತನಂತೆ. ‘ಈ ಒಣಗಿದ ನಾಡಿನಲ್ಲಿ ನಾನು ಕಂಡ ಏಕೈಕ ಚಿಲುಮೆ ನಮ್ಮ ಮಾರ್ಗದರ್ಶಿ. ಕಲ್ಲು ಎಷ್ಟು ಪವಿತ್ರವೋ ಅಷ್ಟು ಕಣ್ಣೀರು. ದರ ಮೊದಲೇ ನಿಗದಿಯಾಗಿರಬೇಕು.’ ಕೋಟಿನ ಬಗ್ಗೆಯೂ ಇದೆ: ‘ಅವನು ತೊಟ್ಟಿದ್ದ ಕೋಟಿನೊಳಗೆ ಇನ್ನೊಬ್ಬ ಮಾರ್ಗದರ್ಶಿ ಬಾಡಿಗೆಗೆ ಇರಬಹುದಿತ್ತು.’ ಪಕ್ಕದಲ್ಲಿ ಚಿತ್ರ. ತೋಳು ಮಂಡಿಯವರೆಗೆ ಜೋತಿದೆ, ಮೂಗಿನಿಂದ ನೀರು ಸುರಿಯುತ್ತಿದೆ.

ಶಾಲೆಯಲ್ಲಿ ನಾನು ‘ಅಳುಬುರುಕನ ಮೊಮ್ಮಗ’. ಅಪ್ಪನಂತೂ ‘ಅಳುಬುರುಕನ ಮಗ’ ಅನ್ನಿಸಿಕೊಂಡು ಅನ್ನಿಸಿಕೊಂಡು ಬೆಟ್ಟದ ಕಸುಬೇ ಬೇಡವೆಂದು ಹೊಲಿಗೆ ಕಲಿತ. ಆ ಪುಸ್ತಕ ನಮ್ಮ ಮನೆಯ ಹೊಸಿಲು ದಾಟಿಲ್ಲ.

“ಜನ ಈಗ ಪುಣ್ಯಪುರುಷನ್ನ ನೋಡೋಕೆ ಬರ್ತಿಲ್ಲ, ಪುಸ್ತಕ ಹಿಡ್ಕೊಂಡು ಬರ್ತಿದಾರೆ” ಅಂದರು ಮೇಡಂ. “ಅವರಿಗೋಸ್ಕರ ಬೇರೆ ತಂಡ ಮಾಡ್ತೀವಿ. ನೀವು ಆ ಕೋಟು ಹಾಕ್ಕೊಂಡು ಮೂರು ಕಲ್ಲಿನ ಹತ್ರ ಅಳಬೇಕು. ಬೇರೆಯವರಿಗೆ ಕೊಡಬಹುದು, ಆದ್ರೆ ನಿಮಗಾದ್ರೆ ರಕ್ತದಲ್ಲೇ ಇದೆಯಲ್ಲ.”

ಯೋಚಿಸಿ ಹೇಳುತ್ತೇನೆ ಅಂದೆ. ಯೋಚಿಸುವುದೇನು ಬಂತು. ಈ ವಯಸ್ಸಿನಲ್ಲಿ ನನಗೆ ಬೇರೆ ಕೆಲಸ ಕೊಡುವವರು ಯಾರು? ಅಪ್ಪನಿಗೆ ಗೊತ್ತಾಗಬಾರದು, ಅಷ್ಟೇ. ಗೊತ್ತಾದರೆ ನಾನು ಅವನ ಎದುರು ಕೂತು ಊಟ ಮಾಡಲಾರೆ.

ನವೆಂಬರ್ 6

ಮೇಡಂ ಚಿತ್ರದ ನಕಲು ಕೊಟ್ಟು, ಕೋಟು ಹೊಲಿಸಿಕೊಳ್ಳಿ ಅಂದರು. ಪೇಟೆಯಲ್ಲಿ ಈಗ ಹೊಲಿಯುವವರೇ ಇಲ್ಲ, ಎಲ್ಲ ಸಿದ್ಧ ಉಡುಪಿನ ಅಂಗಡಿ. ಅಕ್ಕ ಬೇರೆ ದಿನಾ ಹೇಳುತ್ತಾಳೆ, ಅಪ್ಪ ಮುಂದಿನ ಕೋಣೆಯಲ್ಲಿ ಮಷಿನ್ನಿನ ಮುಂದೆ ಸುಮ್ಮನೆ ಕೂತಿರುತ್ತಾನೆ, ಎಂಬತ್ತನಾಲ್ಕಾದರೂ ಕೈ ಇನ್ನೂ ಚುರುಕಿದೆ, ಏನಾದರೂ ಕೆಲಸ ಕೊಡು ಎಂದು. (ನನ್ನ ಹೆಂಡತಿ ತೀರಿಕೊಂಡ ಮೇಲೆ ಅಕ್ಕನೇ ಮನೆ ನೋಡಿಕೊಳ್ಳುತ್ತಿರುವುದು. ಅವಳ ಮಾತು ತೆಗೆದುಹಾಕುವಂತಿಲ್ಲ.) ಅಪ್ಪ ಆ ಪುಸ್ತಕ ಮುಟ್ಟಿದವನಲ್ಲ, ಚಿತ್ರ ನೋಡಿರಲಾರ. ತಲೆಯ ಭಾಗ ಹರಿದು, ಕೋಟು ಮಾತ್ರ ಉಳಿಸಿ ಕೊಟ್ಟೆ.

ಅಪ್ಪ ಕನ್ನಡಕ ಏರಿಸಿ ಬಹಳ ಹೊತ್ತು ನೋಡಿದ.

“ಅಳತೆ ಯಾರ್ದು?”

“ನಂದೇ.”

“ನಿಂದಾದ್ರೆ ಭುಜ ಯಾಕೆ ಇಷ್ಟು ಕೆಳಗಿದೆ?”

“ಈಗ ಅದೇ ಫ್ಯಾಷನ್ ಅಪ್ಪ. ಸಡಿಲ ಇರಬೇಕು. ಕಂಪನಿಯವರದು.”

“ಯಾವ ಫ್ಯಾಷನ್ ಬಂದ್ರೂ ಭುಜ ಭುಜದ ಜಾಗದಲ್ಲೇ ಇರಬೇಕು ಕಣೋ” ಅಂದ. ಆಮೇಲೆ ಟೇಪು ತೆಗೆದು ನನ್ನ ಮೈ ಅಳೆದ. ಬೆರಳು ಮಂಜುಗಡ್ಡೆಯ ಹಾಗಿತ್ತು. ಅವನಿಗೆ ಬೇಸಗೆಯಲ್ಲೂ ಚಳಿ.

ನವೆಂಬರ್ 12

ಕೋಟು ಸಿದ್ಧವಾಗಿದೆ. ಬೂದು ಬಣ್ಣ, ಒಳಗೆ ದಪ್ಪ ಅಸ್ತರು. ಹಾಕಿಕೊಂಡರೆ ಚರ್ಮದ ಮೇಲೆ ಇನ್ನೊಂದು ಚರ್ಮ ಬಂದ ಹಾಗೆ ಕೂರುತ್ತದೆ. ನನ್ನ ಜನ್ಮದಲ್ಲಿ ಇಷ್ಟು ಸರಿಯಾದ ಬಟ್ಟೆ ತೊಟ್ಟಿಲ್ಲ. ಕನ್ನಡಿಯಲ್ಲಿ ಯಾರೋ ದೊಡ್ಡ ಅಧಿಕಾರಿ ನಿಂತಿದ್ದ.

“ಅಪ್ಪ, ಸಡಿಲ ಹೇಳಿದ್ನಲ್ಲ.”

“ಸಡಿಲ ಹೊಲಿಯೋದು ನಂಗೆ ಬರಲ್ಲ.”

ಏನು ಪ್ರಯೋಜನ? ಇದನ್ನು ಹಾಕಿಕೊಂಡು ಬೆಟ್ಟಕ್ಕೆ ಹೋದರೆ ಯಾರೂ ನಗುವುದಿಲ್ಲ. ಬೀರುವಿನಲ್ಲಿ ನೇತುಹಾಕಿದೆ. ಬಸ್ ನಿಲ್ದಾಣದ ಹಿಂದೆ ನಾಟಕದ ವೇಷ ಬಾಡಿಗೆಗೆ ಕೊಡುವವನೊಬ್ಬನಿದ್ದಾನೆ, ಅವನ ಹತ್ತಿರ ಯಾರೋ ರಾಕ್ಷಸನ ಪಾತ್ರಕ್ಕೆ ಹೊಲಿಸಿದ ಕೋಟು ಸಿಕ್ಕಿತು. ಅದು ಸರಿಯಾಗಿದೆ, ಅಂದರೆ ಸರಿಯಾಗಿಲ್ಲ.

ನವೆಂಬರ್ 15

ಮೊದಲ ದಿನ.

ನಮ್ಮ ಬೆಟ್ಟದಲ್ಲಿ ನೋಡುವುದಕ್ಕೆ ಇರುವುದು ಮೂರೇ ಕಲ್ಲು. ಮೊದಲನೆಯದರ ಮೇಲೆ ಪುಣ್ಯಪುರುಷ ಕೂತು ದಣಿವಾರಿಸಿಕೊಂಡ, ಎರಡನೆಯದರ ಬಳಿ ನೀರು ಕುಡಿದ, ತುದಿಯಲ್ಲಿರುವ ಮೂರನೆಯದರ ಮೇಲೆ ನಿಂತು ಊರನ್ನು ಹರಸಿದ. ಇಷ್ಟು ದಿನ ನಾನು ಇದನ್ನು ತಗ್ಗಿದ ದನಿಯಲ್ಲಿ ಹೇಳುತ್ತಿದ್ದೆ. ಪೂರ್ತಿ ನಂಬಿದ್ದೆ ಎನ್ನಲಾರೆ, ಆದರೆ ಕೇಳುವವರು ನಂಬಿ ಬಂದಿರುತ್ತಿದ್ದರು, ಅವರ ನಂಬಿಕೆಗೆ ಕೈ ತಗುಲದ ಹಾಗೆ ನಡೆದುಕೊಳ್ಳುತ್ತಿದ್ದೆ.

ಇಂದಿನವರು ಬೇರೆ ಜಾತಿ. ಎಲ್ಲರ ಕೈಯಲ್ಲೂ ಪುಸ್ತಕ. ಕಲ್ಲು ಬರುತ್ತಿದ್ದ ಹಾಗೆ ಪುಟ ತೆರೆದು ಕಾಯುತ್ತಾರೆ. ನಾನು ಮುಖ ಕಿವುಚಿದೆ, ಭುಜ ಕುಣಿಸಿದೆ, ಕಣ್ಣೀರು ಮಾತ್ರ ಬರಲಿಲ್ಲ. ಎರಡನೇ ಕಲ್ಲಿನ ಹಿಂದೆ ಹೋಗಿ, ಮಂಡಿಗೆಂದು ಇಟ್ಟುಕೊಂಡಿದ್ದ ನೋವಿನ ಮುಲಾಮು ಕಣ್ಣ ಕೆಳಗೆ ಹಚ್ಚಿದೆ. ಆಮೇಲೆ ಕೇಳಬೇಕೆ. ಮೂರನೇ ಕಲ್ಲಿನ ಹತ್ತಿರ ಒಬ್ಬ ಹೊಟ್ಟೆ ಹಿಡಿದುಕೊಂಡು ನೆಲದ ಮೇಲೇ ಕೂತುಬಿಟ್ಟ.

ಪಕ್ಕದಲ್ಲಿ ಒಬ್ಬ ಮುದುಕಿ ಕಲ್ಲಿಗೆ ಹಣೆ ಹಚ್ಚಿ ಅಳುತ್ತಿದ್ದಳು. ಪಾಪ, ಯಾವುದೋ ಹಳೆಯ ಮಾದರಿಯ ಭಕ್ತೆ. ಅವಳೂ ನನ್ನ ಜೊತೆಯವಳೆಂದುಕೊಂಡು ನಮ್ಮವರು ಅವಳ ಫೋಟೋ ತೆಗೆದರು. ತಡೆಯಬೇಕಿತ್ತು. ನನಗೆ ನನ್ನ ಮುಖವೇ ಭಾರವಾಗಿತ್ತು.

ಇದು ಹೇಸಿಗೆಯ ಕೆಲಸ.

ನವೆಂಬರ್ 16

ಕಣ್ಣು ಊದಿಕೊಂಡಿದೆ. ಅಕ್ಕ ಕೇಳಿದಳು, ಧೂಳು ಅಂದೆ. ಅಪ್ಪ ತಟ್ಟೆಯಿಂದ ತಲೆಯೆತ್ತಲಿಲ್ಲ.

ನವೆಂಬರ್ 23

ದೂರದ ಬೆಟ್ಟ ನುಣ್ಣಗೆ ಅನ್ನುತ್ತಾರೆ. ನಮ್ಮ ಬೆಟ್ಟ ಹತ್ತಿರದಿಂದಲೂ ನುಣ್ಣಗಿದೆ, ಅಷ್ಟು ಜನ ಸವರಿದ್ದಾರೆ. ಇಷ್ಟು ವರ್ಷಗಳಲ್ಲಿ ನಾನು ಕಂಡ ಹಾಗೆ ಇಲ್ಲಿಗೆ ಬರುವವರಲ್ಲಿ ಎರಡು ಪಂಗಡ. ದೇವರನ್ನು ನೋಡಲು ಬರುವವರು ಒಂದು, ದೇವರನ್ನು ನೋಡಲು ಬರುವವರನ್ನು ನೋಡಲು ಬರುವವರು ಇನ್ನೊಂದು. ಮೊದಲಿನವರು ಮೂಗು ಸೋರಿಸುತ್ತ ಬಂದು, ಬಾಟಲಿಯಲ್ಲಿ ನೀರು ತುಂಬಿಕೊಂಡು, ಕಲ್ಲನ್ನು ಚೂರು ಕೆರೆದುಕೊಂಡು ಹೋಗುತ್ತಾರೆ. ಎರಡನೆಯವರು ಏನನ್ನೂ ಕೆರೆಯುವುದಿಲ್ಲ, ತುಂಬ ಸ್ವಚ್ಛವಾದ ಜನ. ಅವರು ಹೋದ ಮೇಲೆ ಕಲ್ಲು ಹಾಗೇ ಇರುತ್ತದೆ, ಆದರೆ ಅದನ್ನು ಮುಟ್ಟಲು ನಮಗೇ ನಾಚಿಕೆಯಾಗುತ್ತದೆ.

ಇಂದು ಇಂಥ ಇಪ್ಪತ್ತು ಜನ. ಚೆನ್ನಾಗಿ ನಕ್ಕರು ಎಂದು ಮೇಡಂಗೆ ಖುಷಿ.

ನವೆಂಬರ್ 29

ಅಪ್ಪನಿಗೆ ಗೊತ್ತು. ಮೊದಲಿನಿಂದಲೂ ಗೊತ್ತಿತ್ತು.

ಇವತ್ತು ನನಗೆ ರಜೆ. ಊಟವಾದ ಮೇಲೆ ಅಪ್ಪ ಕತ್ತರಿಗೆ ಎಣ್ಣೆ ಹಾಕುತ್ತಾ ಕೂತಿದ್ದ. ಕತ್ತರಿಯನ್ನೇ ನೋಡುತ್ತಾ, “ಮುಲಾಮು ಕಣ್ಣಿನ ಹತ್ರ ಹಚ್ಚಬೇಡ, ದೃಷ್ಟಿ ಹೋಗುತ್ತೆ” ಅಂದ.

“ಯಾವಾಗ ಗೊತ್ತಾಯ್ತು?”

“ನೀನು ಚಿತ್ರ ಕೊಟ್ಟ ದಿನವೇ. ತಲೆ ಹರಿದ್ರೆ ಕೋಟು ಗುರುತು ಸಿಗಲ್ವೇನೋ? ಅದು ನಮ್ಮ ದೊಡ್ಡಪ್ಪನ ಕೋಟು. ಅದರ ಜೇಬಲ್ಲಿ ಕೈ ಹಾಕ್ಕೊಂಡು ಬೆಳೆದೋನು ನಾನು.”

ತಾತನದಲ್ಲವೇ ಎಂದು ಕೇಳಿದೆ. ಅಪ್ಪ ಕತ್ತರಿ ಕೆಳಗಿಟ್ಟ.

“ನಿಂಗೊಬ್ಳು ಅತ್ತೆ ಇದ್ಲು. ನಂಗಿಂತ ಎರಡು ವರ್ಷ ದೊಡ್ಡೋಳು. ಚಳಿಗಾಲದಲ್ಲಿ ಜ್ವರ ಬಂತು, ಹೋಗ್ಬಿಟ್ಲು. ನೆಲ ತಣ್ಣಗಿದೆ, ಮಗೂಗೆ ಚಳಿ ಆಗುತ್ತೆ ಅಂತ ನಮ್ಮಪ್ಪ ತನ್ನ ಕೋಟು ಬಿಚ್ಚಿ ಅವಳಿಗೆ ಸುತ್ತಿದ. ಕೋಟ್ ಸಮೇತ ಮಣ್ಣು ಮಾಡಿದ್ರು. ಅವನ ಹತ್ರ ಇದ್ದಿದ್ದು ಅದೊಂದೇ. ಮಾರನೇ ದಿನ ಆ ಬರೆಯೋನ ತಂಡ ಬಂತು. ಅಮ್ಮ ಹೋಗಬೇಡ ಅಂದ್ಲು. ‘ದೂರದಿಂದ ಬಂದವ್ರು, ಅವರೇನು ಮಾಡಿದ್ರು’ ಅಂದ. ದೊಡ್ಡಪ್ಪ ಆನೆ ಹಾಗಿದ್ದ. ಅವನ ಕೋಟು ತೊಟ್ಕೊಂಡು ಅಪ್ಪ ಹೋದ.”

ಅಪ್ಪ ಬೆರಳಿನ ಎಣ್ಣೆ ಒರೆಸಿಕೊಂಡ.

“ಮೂರನೇ ಕಲ್ಲಿನಿಂದ ಕೆಳಗೆ ನೋಡಿದ್ರೆ ಏನು ಕಾಣುತ್ತೆ?”

ದಿನಾ ನೋಡುವವನು ನಾನು. ಕೆಳಗೆ ನಮ್ಮ ಊರಿನವರನ್ನು ಹೂಳುವ ಜಾಗ ಕಾಣುತ್ತದೆ.

“ಆ ಮನುಷ್ಯ ಕೆಳಗೆ ನೋಡ್ಲಿಲ್ಲ” ಅಂದ ಅಪ್ಪ. “ಅಪ್ಪನ ಮುಖಾನೇ ನೋಡ್ತಾ ನಿಂತಿದ್ದನಂತೆ. ನಗೋ ಹೆಂಗಸನ್ನ, ಅಳೋ ಗಂಡಸನ್ನ ನಂಬಬಾರ್ದು ಅಂತಾರಲ್ಲ, ಹಾಗೆ.”

“ಇಷ್ಟು ವರ್ಷ ಯಾಕೆ ಹೇಳ್ಲಿಲ್ಲ ನಂಗೆ?”

“ಹೇಳಿ? ಓದಿದ ಅಷ್ಟೂ ಜನರ ಮನೆಗೆ ಹೋಗಿ ನೀನು ಹೇಳಿ ಬರ್ತಿದ್ಯಾ?”

ಆ ಮಹಾಶಯ ಬದುಕಿದ್ದರೆ ಕೊರಳಪಟ್ಟಿ ಹಿಡಿಯುತ್ತಿದ್ದೆ. ಮಗಳನ್ನು ಮಣ್ಣು ಮಾಡಿ ಬಂದವನ ಕಣ್ಣೀರಿಗೆ ದರ ಕಟ್ಟಿದ. ಅದನ್ನೇ ನಾನು ಹದಿನೈದು ದಿನದಿಂದ ಕುಣಿದು ತೋರಿಸುತ್ತಿದ್ದೇನೆ. ನಾಳೆ ಬೆಳಿಗ್ಗೆ ಮೊದಲ ಕೆಲಸ ಮೇಡಂ ಹತ್ತಿರ ಹೋಗಿ ಇದೆಲ್ಲ ಹೇಳಿ, ಕೋಟು ಬಿಸಾಡಿ ಬರುವುದು.

ನವೆಂಬರ್ 30

ಹೇಳಿದೆ. ಮೇಡಂ ಒಳ್ಳೆಯವರು. ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು.

“ಇದನ್ನ ಕೊನೇಲಿ ಜನರಿಗೆ ಹೇಳಿದ್ರೆ ಹೇಗೆ ಅಂತ ಯೋಚ್ನೆ ಬಂತು. ಬೇಡ. ಬಂದವರು ಬೇಜಾರು ಮಾಡ್ಕೊಂಡು ಮನೆಗೆ ಹೋಗ್ತಾರೆ. ನಗ್ತಾ ಹೋಗ್ಬೇಕು ಅವರು.” ಆಮೇಲೆ ನನ್ನ ಭುಜ ತಟ್ಟಿ, “ಒಂದು ರೀತೀಲಿ ಒಳ್ಳೇದೇ ಆಯ್ತು. ನಿಮಗೆ ಇನ್ಮೇಲೆ ಅಳು ಸಹಜವಾಗಿ ಬರುತ್ತೆ” ಅಂದರು.

ಕೆಲಸ ಬಿಡಲು ಹೋದವನು ನಾಳೆ ಎಷ್ಟು ಹೊತ್ತಿಗೆ ಎಂದು ಕೇಳಿಕೊಂಡು ಬಂದೆ. ಡಬ್ಬಿಗಳು ಬಂದಿಳಿದಿವೆ. ರಟ್ಟಿನ ಪೆಟ್ಟಿಗೆಗಳಲ್ಲಿ ನಮ್ಮ ಕೋಣೆಯ ತುಂಬ ಇಟ್ಟಿದ್ದಾರೆ, ನಮಗೆ ಕೂರಲು ಜಾಗವಿಲ್ಲ.

ಡಿಸೆಂಬರ್ 3

ಇಂದು ಮುಲಾಮು ಬೇಕಾಗಲಿಲ್ಲ. ಮೂರನೇ ಕಲ್ಲಿನ ಬಳಿ ನಿಂತು ಕೆಳಗೆ ನೋಡಿದೆ, ಕೋಟು ಸುತ್ತಿಕೊಂಡು ಮಲಗಿದ ಮಗುವನ್ನು ನೆನೆದೆ. ಕಣ್ಣಲ್ಲಿ ನೀರು ತಾನಾಗಿ ಸುರಿಯಿತು. ಇದುವರೆಗಿನ ಎಲ್ಲಕ್ಕಿಂತ ದೊಡ್ಡ ನಗು ಇವತ್ತಿನದು. ಕಣ್ಣಿನ ಊತವೂ ಇಳಿದಿದೆ.

ಡಿಸೆಂಬರ್ 9

ಈಗ ಕೆಳಗೆ ನೋಡುವುದೂ ಬೇಕಿಲ್ಲ. ಕಾಲು ಕಲ್ಲಿಗೆ ತಾಗಿದರೆ ಸಾಕು.

ಹೊಸದೊಂದು ಸೇರಿಸಿದ್ದೇನೆ. ಕೈಯಿಂದ ಕೆಳಗೆ ಜೋತಿರುವ ತೋಳಿನಿಂದ ಕಣ್ಣೊರೆಸಿಕೊಂಡು, ಅಗಸರು ಬಟ್ಟೆ ಹಿಂಡುವ ಹಾಗೆ ಆ ತೋಳನ್ನು ಹಿಂಡಿ ಕೊಡವುವುದು. ಮುಂದೆ ನಿಂತವರು ನೀರು ಸಿಡಿಯಿತೆಂದು ಹಿಂದೆ ಸರಿಯುತ್ತಾರೆ, ಹಿಂದಿನವರು ಅವರನ್ನು ನೋಡಿ ನಗುತ್ತಾರೆ. ಇದು ಪುಸ್ತಕದಲ್ಲಿಲ್ಲ, ನನ್ನದೇ. ಆ ಮಹಾಶಯನಿಗೆ ಇದು ಹೊಳೆಯಲಿಲ್ಲ. ಕೆಲವು ಕಡೆ ಅವನು ಅವಸರ ಮಾಡಿದ್ದಾನೆ, ಎರಡನೇ ಕಲ್ಲಿನ ಭಾಗವನ್ನಂತೂ ಮೂರು ಸಾಲಿನಲ್ಲಿ ಮುಗಿಸಿದ್ದಾನೆ. ಅಲ್ಲಿ ಇನ್ನೂ ಎಷ್ಟೋ ಇತ್ತು.

ಪುಸ್ತಕದ ಒಂದು ಪ್ರತಿ ಮೇಡಂ ಕೊಟ್ಟಿದ್ದಾರೆ. ಹಾಸಿಗೆಯ ಪಕ್ಕ ಇಟ್ಟುಕೊಂಡಿದ್ದೇನೆ. ನಿಜ ಹೇಳಬೇಕೆಂದರೆ ಚೆನ್ನಾಗಿ ಬರೆದಿದ್ದಾನೆ.

ಡಿಸೆಂಬರ್ 13

ಅಪ್ಪ ಆ ದಿನದಿಂದ ಬೆಟ್ಟದ ಮಾತು ತೆಗೆದಿಲ್ಲ. ಕೆಲಸವನ್ನು ಕೆಲಸವೆಂದು ನೋಡಬೇಕು. ಅವನು ಒಮ್ಮೆ ಬಂದು ನೋಡಿದರೆ ಸಾಕು, ಜನ ಎಷ್ಟು ಸಂತೋಷಪಡುತ್ತಾರೆ ಎಂದು ಗೊತ್ತಾಗುತ್ತದೆ. ತೋಳು ಹಿಂಡುವುದನ್ನು ನೋಡಿ ಅವನೂ ನಗಬಹುದು. ಅವನೊಮ್ಮೆ ನಕ್ಕರೆ ನನ್ನ ಎದೆಯ ಭಾರ ಇಳಿಯುತ್ತದೆ.

ಅಕ್ಕನಿಗೆ ಇದನ್ನೇ ಹೇಳಿದೆ. ಪಾತ್ರೆ ತೊಳೆಯುತ್ತಿದ್ದವಳು ನಲ್ಲಿ ನಿಲ್ಲಿಸಿದಳು.

“ಅಪ್ಪನ್ನ ಅಲ್ಲಿಗೆ ಕರ್ಕೊಂಡು ಹೋದ್ರೆ ನಾನು ನಿನ್ನ ಮುಖ ನೋಡಲ್ಲ” ಅಂದಳು.

“ನಿಂಗೆ ತಮಾಷೆ ಅರ್ಥ ಆಗಲ್ಲ ಅಕ್ಕ.”

“ಆಗದೇ ಇರ್ಲಿ ಬಿಡು. ಮನೇಲಿ ಒಬ್ಬರಿಗಾದ್ರೂ ಆಗದೇ ಇರ್ಲಿ.”

ಡಿಸೆಂಬರ್ 17

ಅಪ್ಪ ಬಂದಿದ್ದ. ನಾನು ಕರೆದದ್ದಲ್ಲ, ಅಕ್ಕನಿಗೂ ಹೇಳದೆ ಒಬ್ಬನೇ ಹತ್ತಿ ಬಂದಿದ್ದ.

ನಾನು ತಂಡದೊಡನೆ ಮೂರನೇ ಕಲ್ಲಿಗೆ ಬಂದಾಗ ಅವನು ಆಗಲೇ ಅಲ್ಲಿ ನಿಂತಿದ್ದ. ಟೋಪಿ ತೆಗೆದು ಕೈಯಲ್ಲಿ ಹಿಡಿದಿದ್ದ. ಬೆನ್ನು ನಮ್ಮ ಕಡೆ, ಮುಖ ಕೆಳಗಿನ ಹೂಳುವ ಜಾಗದ ಕಡೆ. ತಂಡವನ್ನು ಹಿಂದಕ್ಕೆ ತಿರುಗಿಸೋಣವೆಂದುಕೊಂಡೆ. ಆದರೆ ಮೂವತ್ತು ಜನ ಪುಟ ತೆರೆದು ನಿಂತಿದ್ದಾರೆ. ಶುರು ಮಾಡಿದೆ. ಕಣ್ಣೀರು ಬಂತು. ಅಪ್ಪ ತಿರುಗಿದ.

ಅವನಿಗೆಂದೇ ಇಂದು ತೋಳು ಹಿಂಡುವುದನ್ನು ನಿಧಾನವಾಗಿ, ಚೆನ್ನಾಗಿ ಮಾಡಿದೆ. ಎಲ್ಲರೂ ನಕ್ಕರು. ಅಪ್ಪ ನಗಲಿಲ್ಲ. ಟೋಪಿ ತಲೆಗೆ ಹಾಕಿಕೊಂಡು, ಕೋಲೂರುತ್ತಾ ಜನರ ನಡುವೆ ದಾರಿ ಮಾಡಿಕೊಂಡು ನನ್ನ ಹತ್ತಿರ ಬಂದ. ಅವನ ಕಾಲರಿನಲ್ಲಿ ಯಾವಾಗಲೂ ಗುಂಡುಸೂಜಿಗಳಿರುತ್ತವೆ, ದರ್ಜಿಗಳ ಅಭ್ಯಾಸ. ಮೂರನ್ನು ತೆಗೆದು ಹಲ್ಲಲ್ಲಿ ಕಚ್ಚಿಕೊಂಡ. ನನ್ನ ಕೋಟಿನ ಜೋತುಬಿದ್ದ ಭುಜವನ್ನು ಎತ್ತಿ ಭುಜದ ಜಾಗಕ್ಕೆ ತಂದು ಸೂಜಿ ಚುಚ್ಚಿದ. ಇನ್ನೊಂದು ಭುಜಕ್ಕೂ ಹಾಗೇ ಮಾಡಿದ. ಆಮೇಲೆ ತೋಳನ್ನು ಒಂದೊಂದೇ ಮಡಿಕೆ ಮಡಿಸುತ್ತಾ ಮಣಿಕಟ್ಟಿನವರೆಗೆ ತಂದ.

“ಕೈ ಕಾಣಿಸಬೇಕು ಕಣೋ” ಅಂದ, ನನಗೊಬ್ಬನಿಗೇ ಕೇಳುವ ಹಾಗೆ. “ದುಡಿಯೋನಿಗೆ ಕೈ ಕಾಣಿಸಬೇಕು.”

ಜನ ಬಿದ್ದು ಬಿದ್ದು ನಕ್ಕರು. “ಅಜ್ಜನೂ ಚೆನ್ನಾಗಿ ಮಾಡ್ತಾರೆ” ಅಂತ ಯಾರೋ ಅಂದರು. ಅಪ್ಪನಿಗೆ ಅದು ಕೇಳಿಸಿತು. ಸುತ್ತ ಒಮ್ಮೆ ನೋಡಿದ, ಯಾರನ್ನು ನೋಡಿ ನಗುತ್ತಿದ್ದಾರೆ ಎಂದು ತಿಳಿಯದವನ ಹಾಗೆ.

ಆಗ ನನಗೇನಾಯಿತೋ, ಕೈ ತಾನಾಗಿ ಆಡಿತು. ಅಪ್ಪ ಮಡಿಸಿದ್ದ ತೋಳನ್ನು ಒಮ್ಮೆ ಕೊಡವಿದೆ. ಅಷ್ಟೂ ಮಡಿಕೆ ಬಿಚ್ಚಿ ತೋಳು ಮತ್ತೆ ಮಂಡಿಗೆ ಬಿತ್ತು. ಅಂಥ ನಗುವನ್ನು ಈ ಬೆಟ್ಟ ಕಂಡಿರಲಾರದು. ಅಪ್ಪ ನನ್ನನ್ನು ನೋಡಿದ. ಉಳಿದ ಸೂಜಿಯನ್ನು ಕಾಲರಿಗೆ ಸಿಕ್ಕಿಸಿಕೊಂಡು ಇಳಿದು ಹೋದ. ಜನ ಅವನಿಗೂ ಚಪ್ಪಾಳೆ ತಟ್ಟಿದರು.

ಸಂಜೆ ಮೇಡಂ ಕರೆದು, ನಿಮ್ಮ ತಂದೆ ವಾರಕ್ಕೊಂದು ದಿನ ಬರಬಹುದೇ ಎಂದು ವಿಚಾರಿಸಿದರು. ಕೇಳಿ ನೋಡುತ್ತೇನೆ ಅಂದೆ.

ಡಿಸೆಂಬರ್ 18

ಕೇಳಿದೆ. ಕೇಳಬಾರದಿತ್ತು ಎಂದು ಬಾಯಿಂದ ಮಾತು ಹೊರಬಿದ್ದ ಮೇಲೆ ಅನ್ನಿಸಿತು. ಅಪ್ಪ ಹೊದಿಕೆಯೊಳಗಿಂದ, “ಆ ಕೋಟಲ್ಲಿ ನಿಂಗೆ ಚಳಿ ಆಗಲ್ವೇನೋ? ಗಾಳಿ ಎಲ್ಲಾ ಒಳಗೆ ಹೋಗುತ್ತೆ” ಅಂದ. ಕೆಮ್ಮು ಜಾಸ್ತಿಯಾಗಿದೆ. ಆ ಗಾಳಿಯಲ್ಲಿ ಬೆಟ್ಟ ಹತ್ತು ಎಂದು ಅವನಿಗೆ ಹೇಳಿದವರಾರು?

ಡಿಸೆಂಬರ್ 21

ಜ್ವರ. ಡಾಕ್ಟರು ಎದೆಗೆ ಇಳಿದಿದೆ ಅಂದರು. ಅಕ್ಕ ನನ್ನೊಡನೆ ಮಾತು ಬಿಟ್ಟಿದ್ದಾಳೆ. ಎರಡು ತಂಡ ಮುಗಿಸಿ ಬಂದೆ.

ಡಿಸೆಂಬರ್ 26

ಅಪ್ಪ ಹೋದ.

ಡಿಸೆಂಬರ್ 27

ಬೆಳಿಗ್ಗೆ ಮಣ್ಣು ಮಾಡಿದೆವು. ನನಗೆ ಅಳು ಬರಲಿಲ್ಲ.

ಬರುತ್ತದೆ ಎಂದುಕೊಂಡು ಕಾದೆ. ಮುಖ ತೊಳೆಸುವಾಗ ಬರಲಿಲ್ಲ, ಎತ್ತಿಕೊಂಡು ಹೊರಟಾಗ ಬರಲಿಲ್ಲ. ಅತ್ತೆಯನ್ನು ಹೂತ ಜಾಗದ ಹತ್ತಿರವೇ ಗುಂಡಿ ತೆಗೆಸಿದ್ದೆವು. ಅಲ್ಲಿ ನಿಂತು ತಲೆಯೆತ್ತಿದರೆ ಮೂರನೇ ಕಲ್ಲು ಕಾಣುತ್ತದೆ. ಕಣ್ಣು ಉರಿಯಿತು, ಅಷ್ಟೇ, ಒಂದು ಹನಿ ಇಳಿಯಲಿಲ್ಲ. ನೆಂಟರೆಲ್ಲ ನನ್ನ ಕಡೆ ನೋಡುತ್ತಿದ್ದರು. ಊರಿಗೆಲ್ಲ ಗೊತ್ತಲ್ಲ ನನ್ನ ಕಸುಬು. ಚಿಕ್ಕಪ್ಪನ ಮಗನೊಬ್ಬ ಪಕ್ಕದವನಿಗೆ, “ಇಲ್ಲಿ ಟಿಕೆಟ್ ಇಲ್ವಲ್ಲ, ಅದಕ್ಕೆ” ಅಂದದ್ದು ನನಗೆ ಕೇಳಿಸಿತು. ಅವನಿಗೆ ಉತ್ತರ ಕೊಡುವಷ್ಟು ಕೋಪವೂ ನನಗೆ ಬರಲಿಲ್ಲ.

ಮನೆಯಿಂದ ಹೊರಡುವ ಮುಂಚೆ ಒಂದು ಮಾತಾಯಿತು. ಅಕ್ಕ, “ಅಪ್ಪನಿಗೆ ಚಳಿ ಅಂದ್ರೆ ಆಗ್ತಿರಲಿಲ್ಲ, ನೆಲ ಹೇಗೆ ಕೊರೀತಿದೆ ನೋಡು, ಏನಾದ್ರೂ ಹೊದಿಸೋಣ” ಎಂದು ಬಾಗಿಲ ಹಿಂದೆ ಮೊಳೆಗೆ ನೇತುಹಾಕಿದ್ದ ಕೋಟಿಗೆ ಕೈ ಹಾಕಿದಳು. ನಾಟಕದವನ ಕೋಟು ಅದು.

“ಅದು ಬೇಡ ಅಕ್ಕ, ನಾಳೆ ಬೇಕು” ಅಂದೆ.

ಅವಳು ಎಷ್ಟೋ ದಿನಗಳ ಮೇಲೆ ನನ್ನ ಮುಖವನ್ನು ನೇರವಾಗಿ ನೋಡಿದಳು. ನಾನು ಬೀರುವಿನಿಂದ ಅಪ್ಪ ಹೊಲಿದುಕೊಟ್ಟಿದ್ದ ಬೂದು ಕೋಟನ್ನು ತಂದು ಕೊಟ್ಟೆ. ಒಳಗೆ ದಪ್ಪ ಅಸ್ತರು ಇದೆ, ಬೆಚ್ಚಗಿರುತ್ತದೆ. ಇಬ್ಬರೂ ಸೇರಿ ಅವನಿಗೆ ಸುತ್ತಿದೆವು. ಅಪ್ಪ ಇಷ್ಟು ಸಣ್ಣಗಾಗಿದ್ದಾನೆಂದು ನಾನು ಗಮನಿಸಿಯೇ ಇರಲಿಲ್ಲ, ಮಗುವಿಗೆ ಸುತ್ತಿದ ಹಾಗಾಯಿತು. ಕೋಟ್ ಸಮೇತ ಮಣ್ಣು ಮಾಡಿ ಬಂದೆವು. ಹೇಗಿದ್ದರೂ ನಾನು ಅದನ್ನು ಹಾಕಿಕೊಳ್ಳುತ್ತಿರಲಿಲ್ಲ.

ಮೇಡಂ ಫೋನು ಮಾಡಿ, ರಜೆ ತೆಗೆದುಕೊಳ್ಳಿ, ನಾಳೆಯ ತಂಡಕ್ಕೆ ಏನಾದರೂ ಹೇಳಿ ಒಪ್ಪಿಸುತ್ತೇನೆ ಅಂದರು. ಬೇಡ, ಬರುತ್ತೇನೆ ಅಂದೆ. ದೂರದಿಂದ ಬಂದವರು, ಅವರೇನು ಮಾಡಿದರು. ಮನೆಯಲ್ಲಿ ಕೂತರೆ ಮಷಿನ್ನು ಕಣ್ಣಿಗೆ ಬೀಳುತ್ತದೆ.

ಡಿಸೆಂಬರ್ 28

ಗಾಳಿ ಬಹಳ ಇತ್ತು. ಕೋಟಿನೊಳಗೆಲ್ಲ ನುಗ್ಗುತ್ತಿತ್ತು.

ಮೊದಲನೇ ಕಲ್ಲಿನಲ್ಲಿ ಸಾಧಾರಣ, ಎರಡನೆಯದರಲ್ಲಿ ಪರವಾಗಿಲ್ಲ. ಮೂರನೆಯದರ ಹತ್ತಿರ ಬಂದಾಗ ಕೆಳಗೆ ನೋಡಬಾರದು ಎಂದುಕೊಂಡಿದ್ದೆ. ನೋಡಿದೆ. ಹಸಿ ಮಣ್ಣು ಅಷ್ಟು ದೂರಕ್ಕೂ ಕಪ್ಪಗೆ ಕಾಣುತ್ತದೆ. ಆಮೇಲೆ ಶುರುವಾಯಿತು. ನಿಲ್ಲಿಸಬೇಕಾದ ಕಡೆ ನಿಲ್ಲಿಸಲು ಆಗಲಿಲ್ಲ, ತೋಳು ಹಿಂಡುವುದನ್ನು ಮರೆತೆ, ಕಲ್ಲು ಹಿಡಿದುಕೊಂಡು ಕೂತುಬಿಟ್ಟೆ. ಕೆಲಸ ಕೆಟ್ಟಿತು ಅಂದುಕೊಂಡೆ. ಇಲ್ಲ, ಅವರು ನಗುತ್ತಲೇ ಇದ್ದರು. ಅಳು ಉದ್ದವಾದಷ್ಟೂ ನಗು ಹೆಚ್ಚಾಯಿತು. ಕೆಲವರು ಪುಸ್ತಕವನ್ನೇ ಮುಚ್ಚಿಬಿಟ್ಟಿದ್ದರು.

ಗದ್ದಲ ಇಳಿದ ಮೇಲೆ ಮುಂದಿನ ಸಾಲಿನ ಹೆಂಗಸೊಬ್ಬಳು ಕಣ್ಣೊರೆಸಿಕೊಳ್ಳುತ್ತಾ, “ಅಲ್ಲ, ನಿಮ್ಮ ಅಳತೆಗೆ ಸರಿಯಾದ ಕೋಟು ಒಂದೂ ಇಲ್ವಾ ನಿಮ್ಮ ಹತ್ರ?” ಎಂದು ಕೇಳಿದಳು.

“ಇತ್ತು” ಅಂದೆ. “ನಿನ್ನೆ ಕೊಟ್ಟುಬಿಟ್ಟೆ.”

ಮತ್ತೆ ಎಲ್ಲರೂ ನಕ್ಕರು. ಇದು ಪುಸ್ತಕದಲ್ಲಿಲ್ಲ, ಬಾಯಿಗೆ ಬಂದದ್ದು ಹೇಳಿದೆ, ಇದರಲ್ಲಿ ನಗುವಂಥದ್ದೇನಿತ್ತೋ ನನಗೆ ತಿಳಿಯಲಿಲ್ಲ. ಆದರೆ ಮೇಡಂಗೆ ಬಹಳ ಹಿಡಿಸಿದೆ. ಇನ್ನು ಮೇಲೆ ದಿನಾ ಅದನ್ನೇ ಹೇಳಿ ಅಂದಿದ್ದಾರೆ. ನಾಳೆ ಎರಡು ತಂಡಗಳಿವೆ.